ಗೇಮಿನ ಚೀಟ್, ಮಾಡ್: ಆ ನಾಣ್ಯ ಇರುವುದು ಎಲ್ಲಿ?

ಗೇಮ್ ಆಡುವಾಗ ಪರದೆಯ ಮೂಲೆಯಲ್ಲಿ ನಿಮ್ಮ ನಾಣ್ಯ ಎಷ್ಟು ಎಂದು ತೋರಿಸುತ್ತದಲ್ಲ, ಅದು 250 ಎಂದಿಟ್ಟುಕೊಳ್ಳಿ. ಆ 250 ನಿಜವಾಗಿ ಇರುವುದು ಎಲ್ಲಿ? ಪರದೆಯಲ್ಲಿ ಎಂದರೆ ಸರಿಯಾಗುವುದಿಲ್ಲ. ಪರದೆ ಕನ್ನಡಿ ಇದ್ದ ಹಾಗೆ, ತೋರಿಸುವುದಷ್ಟೇ ಅದರ ಕೆಲಸ. ಸಂಖ್ಯೆಯನ್ನು ಬೇರೆಲ್ಲೋ ಬರೆದಿಟ್ಟಿರುತ್ತಾರೆ. ನಿಮ್ಮ ಕೈಯಲ್ಲಿರುವ ಫೋನಿನ ಒಳಗೇ ಇರಬಹುದು, ಇಲ್ಲವೇ ಗೇಮ್ ಕಂಪೆನಿಯ ಸರ್ವರಿನಲ್ಲಿ, ಅಂದರೆ ಎಷ್ಟೋ ದೂರದ ಊರಿನ ಒಂದು ಕಂಪ್ಯೂಟರಿನಲ್ಲಿ ಇರಬಹುದು. "ಸೇಫ್ ಆದ ಚೀಟ್ ಎಲ್ಲಿ ಸಿಗ್ತದೆ ಸರ್?" ಎಂದು ನೀವು ಕೇಳುವ ಪ್ರಶ್ನೆಗೆ ಅರ್ಧ ಉತ್ತರ ಇಲ್ಲಿಯೇ ಉಂಟು.

ಮೊದಲು ಸುಲಭದ್ದನ್ನು ನೋಡುವ. ಇಂಟರ್ನೆಟ್ ಇಲ್ಲದೆ ಒಬ್ಬರೇ ಆಡುವ ಗೇಮಿನಲ್ಲಿ ಆ 250 ಇರುವುದು ನಿಮ್ಮ ಯಂತ್ರದ ಮೆಮೊರಿಯಲ್ಲಿ. ಒಂದು ಜಿಬಿ ಎಂದರೆ 2ರ ಘಾತ 30, ಅಂದರೆ ಸುಮಾರು 107 ಕೋಟಿ ಬೈಟ್. ಅಷ್ಟರಲ್ಲಿ ನಮ್ಮ 250 ಇರುವ ಜಾಗವನ್ನು ಹುಡುಕುವುದು ಹೇಗೆ? ಕಂಪ್ಯೂಟರಿನಲ್ಲಿ ಇದನ್ನು ಮಾಡುವ ಪ್ರೋಗ್ರಾಮುಗಳು ಅಕ್ಕಿ ಗೇರಿದ ಹಾಗೆ ಮಾಡುತ್ತವೆ. ಮೊದಲು 250 ಎಂದು ಬರೆದಿರುವ ಎಲ್ಲ ಜಾಗಗಳನ್ನು ಪಟ್ಟಿ ಮಾಡುತ್ತವೆ. ಸಾವಿರಾರು ಸಿಗುತ್ತವೆ, ಯಾಕೆಂದರೆ 250 ಎಂಬ ಸಂಖ್ಯೆ ಬಣ್ಣಕ್ಕೋ ಶಬ್ದಕ್ಕೋ ಬೇರೆ ಯಾವುದಕ್ಕೋ ಬಳಕೆಯಾಗಿರಬಹುದು. ಈಗ ನೀವು ಗೇಮಿನಲ್ಲಿ 10 ನಾಣ್ಯ ಖರ್ಚು ಮಾಡಿ. ಆ ಪಟ್ಟಿಯಲ್ಲಿ 240ಕ್ಕೆ ಇಳಿದ ಜಾಗ ಯಾವುದು ಎಂದು ಪ್ರೋಗ್ರಾಮು ಮತ್ತೆ ನೋಡುತ್ತದೆ. ಬೆರಳೆಣಿಕೆಯಷ್ಟು ಉಳಿಯುತ್ತವೆ. ಇನ್ನೊಮ್ಮೆ ಖರ್ಚು ಮಾಡಿದರೆ ಒಂದೋ ಎರಡೋ. ಅಲ್ಲಿ 9999 ಎಂದು ಬರೆದರೆ ಆಯಿತು, ಅಂಗಡಿಯ ಕತ್ತಿ ಗುರಾಣಿ ಎಲ್ಲ ನಿಮ್ಮದೇ. ಇದರಲ್ಲಿ ಮಾಟ ಮಂತ್ರ ಏನೂ ಇಲ್ಲ. ನೀವು ಗಣಿತದಲ್ಲಿ ಗಣಗಳ ಛೇದನ ಎಂದು ಕಲಿಯುತ್ತೀರಲ್ಲ, ಅದೇ.

ಫೋನಿನಲ್ಲಿ ಇದು ಇಷ್ಟು ಸಲೀಸಲ್ಲ. ಆ್ಯಂಡ್ರಾಯ್ಡಿನಲ್ಲಿ ಪ್ರತಿ ಆ್ಯಪ್ ಬೇರೆ ಬೇರೆ ಕೋಣೆಯಲ್ಲಿ ವಾಸ. ಒಂದರ ಮೆಮೊರಿಯನ್ನು ಇನ್ನೊಂದು ಇಣುಕಿ ನೋಡುವ ಹಾಗಿಲ್ಲ. "ಫೋನನ್ನು ರೂಟ್ ಮಾಡಿ, ಆಮೇಲೆ ಚೀಟ್ ಓಡ್ತದೆ" ಎಂದು ಹೇಳುವವರು ಎಲ್ಲ ಕೋಣೆಗೂ ಆಗುವ ಒಂದೇ ಬೀಗದ ಕೈ ಮಾಡಿಸಿಕೊಳ್ಳಿ ಎನ್ನುತ್ತಿದ್ದಾರೆ. ಗೇಮಿನ ಕೋಣೆಯ ಪಕ್ಕದಲ್ಲೇ ಬ್ಯಾಂಕಿನ ಆ್ಯಪಿನ ಕೋಣೆಯೂ ಇರುತ್ತದೆ ಎಂಬುದನ್ನು ಅವರು ಹೇಳುವುದಿಲ್ಲ.

ಈಗ ಎರಡನೆಯದು. ಬಿಜಿಎಂಐ, ಫ್ರೀ ಫೈರ್ ಮ್ಯಾಕ್ಸ್ ಥರದ ಆನ್‌ಲೈನ್ ಗೇಮುಗಳಲ್ಲಿ ನಿಮ್ಮ ಯುಸಿ, ಡೈಮಂಡುಗಳ ಲೆಕ್ಕ ಇರುವುದು ಸರ್ವರಿನಲ್ಲಿ. ನಿಮ್ಮ ಫೋನಿನಲ್ಲಿ ಕಾಣುವುದು ಅದರ ನಕಲು. ಸೊಸೈಟಿಯ ಪಾಸ್‌ಬುಕ್ಕಿನಲ್ಲಿ ನೀವೇ ಪೆನ್ನು ಹಿಡಿದು 250ರ ಮುಂದೆ ಎರಡು ಸೊನ್ನೆ ಹಾಕಿದಿರಿ ಎನ್ನಿ. ಪಾಸ್‌ಬುಕ್ಕಿನಲ್ಲಿ 25,000 ಕಾಣುತ್ತದೆ, ಸರಿ. ಆದರೆ ಕೌಂಟರಿಗೆ ಹೋಗಿ ಕೇಳಿದರೆ ಕಾರಕೂನರು ನೋಡುವುದು ತಮ್ಮ ಲೆಡ್ಜರನ್ನು. ಹಾಗಾಗಿ "ಅನ್‌ಲಿಮಿಟೆಡ್ ಡೈಮಂಡ್" ಎಂದು ಯಾರಾದರೂ ಲಿಂಕ್ ಕಳಿಸಿದರೆ, ಅದು ಸೇಫೋ ಅಲ್ಲವೋ ಎಂದು ಪರೀಕ್ಷೆ ಮಾಡುವ ಅಗತ್ಯವೇ ಇಲ್ಲ. ಆಗದ ಕೆಲಸವನ್ನು ಮಾಡಿಕೊಡುತ್ತೇನೆ ಎನ್ನುವವನಿಗೆ ನಿಮ್ಮಿಂದ ಬೇರೇನೋ ಬೇಕಾಗಿದೆ.

ಏನು ಬೇಕಾಗಿದೆ? ಕೆಲವರದು ಸಣ್ಣ ವ್ಯಾಪಾರ. "ನೀವು ಮನುಷ್ಯರೇ ಎಂದು ಖಚಿತಪಡಿಸಲು ಈ ಎರಡು ಆ್ಯಪ್ ಹಾಕಿ, ಈ ಫಾರ್ಮ್ ತುಂಬಿ" ಎನ್ನುತ್ತಾರೆ. ನೀವು ಹಾಕಿದ ಪ್ರತಿ ಆ್ಯಪಿಗೆ ಅವರಿಗೆ ಜಾಹೀರಾತಿನ ಕಮಿಷನ್. ಡೈಮಂಡ್ ಬರುವುದಿಲ್ಲ, ಬರಲು ಸಾಧ್ಯವೂ ಇಲ್ಲ. ಇನ್ನು ಕೆಲವರು ನಿಮ್ಮ ಗೇಮಿನ ಐಡಿ, ಪಾಸ್‌ವರ್ಡ್ ಕೇಳಿ ಅಕೌಂಟನ್ನೇ ಎತ್ತಿಕೊಂಡು ಹೋಗುತ್ತಾರೆ. ದೊಡ್ಡ ಕಳ್ಳರು ಕೊಡುವುದು "ಮಾಡ್ ಎಪಿಕೆ", ಅಂದರೆ ಗೇಮಿನ ಮೂಲ ಆ್ಯಪನ್ನು ಬಿಚ್ಚಿ, ಒಳಗೆ ಏನನ್ನೋ ಸೇರಿಸಿ, ಮತ್ತೆ ಹೊಲಿದ ಪೊಟ್ಟಣ.

ಆ ಹೊಲಿಗೆ ಸಿಕ್ಕಿಬೀಳುವ ಒಂದು ಜಾಗ ಉಂಟು. ಆ್ಯಂಡ್ರಾಯ್ಡಿನ ಪ್ರತಿ ಆ್ಯಪಿಗೂ ಅದನ್ನು ಮಾಡಿದವರ ಡಿಜಿಟಲ್ ಸಹಿ ಇರಲೇಬೇಕು. ಹಿಂದಿನ ಕಾಲದಲ್ಲಿ ಪತ್ರಕ್ಕೆ ಅರಗಿನ ಮುದ್ರೆ ಒತ್ತುತ್ತಿದ್ದ ಹಾಗೆ. ಒಳಗಿನ ಒಂದೇ ಒಂದು ಬೈಟ್ ಬದಲಾದರೂ ಮುದ್ರೆ ಒಡೆಯುತ್ತದೆ. ಬಿಚ್ಚಿದವನ ಹತ್ತಿರ ಕಂಪೆನಿಯ ಮುದ್ರೆ ಇಲ್ಲ, ಆದ್ದರಿಂದ ತನ್ನದೇ ಮುದ್ರೆ ಒತ್ತಬೇಕಾಗುತ್ತದೆ. ಸಹಿ ಬೇರೆಯಾದ ಆ್ಯಪನ್ನು ಹಳೆಯದರ ಮೇಲೆ ಹಾಕಲು ಫೋನು ಒಪ್ಪುವುದಿಲ್ಲ. ಅದಕ್ಕೇ ಅಂಥ ಕಡೆ "ಮೊದಲು ಒರಿಜಿನಲ್ ಗೇಮ್ ತೆಗೆದುಹಾಕಿ, ಪ್ಲೇ ಪ್ರೊಟೆಕ್ಟ್ ಆಫ್ ಮಾಡಿ" ಎಂದು ಬರೆದಿರುವುದು. ಮನೆಗೆ ಬರುವವನು "ನಾಯಿಯನ್ನು ಕಟ್ಟಿಹಾಕಿ, ದೀಪ ಆರಿಸಿ, ಆಮೇಲೆ ಬರ್ತೇನೆ" ಎಂದರೆ ನೀವು ಅವನನ್ನು ನೆಂಟ ಎನ್ನುತ್ತೀರಾ?

ನಮ್ಮಲ್ಲಿ ಹೆಚ್ಚಿನ ಮಕ್ಕಳ ಕೈಯಲ್ಲಿ ಇರುವುದು ಸ್ವಂತ ಫೋನಲ್ಲ. ಅಪ್ಪನದು, ಅಮ್ಮನದು. ಅಡಿಕೆ ಮಾರಿದ ದುಡ್ಡು, ಬೀಡಿ ಕಟ್ಟಿದ ಮಜೂರಿ, ಸೊಲ್ಲಾಪುರದ ಕಡೆಯವರಾದರೆ ಕಬ್ಬಿನ ಬಿಲ್ಲು, ಎಲ್ಲದರ ಮೆಸೇಜ್ ಬರುವುದು ಅದಕ್ಕೇ. ಒಟಿಪಿ ಬರುವುದೂ ಅದಕ್ಕೇ. ಕಾರು ಓಡಿಸುವ ಗೇಮಿಗೆ ನಿಮ್ಮ ಎಸ್ಸೆಮ್ಮೆಸ್ ಓದುವ ಅನುಮತಿ ಯಾಕೆ? ಅದಕ್ಕಿಂತಲೂ ಅಪಾಯದ್ದು ಆ್ಯಕ್ಸೆಸಿಬಿಲಿಟಿ ಅನುಮತಿ. ಕಣ್ಣು ಕಾಣದವರಿಗೆ ಪರದೆಯನ್ನು ಓದಿ ಹೇಳಲು, ಕೈ ಆಡಿಸಲು ಆಗದವರ ಪರವಾಗಿ ಬಟನ್ ಒತ್ತಲು ಮಾಡಿಟ್ಟ ಒಳ್ಳೆಯ ಸೌಲಭ್ಯ ಅದು. ಅದನ್ನು ಕಳ್ಳ ಆ್ಯಪಿಗೆ ಕೊಟ್ಟರೆ ಅದು ಪರದೆಯನ್ನು ಓದುತ್ತದೆ, ನಿಮ್ಮ ಬದಲು ಬಟನ್ ಒತ್ತುತ್ತದೆ. ಒಂದು ಸಣ್ಣ ಉಪಾಯ ಹೇಳುತ್ತೇನೆ. ಫೋನಿನ ಸೆಟ್ಟಿಂಗ್ಸಿಗೆ ಹೋಗಿ ಭಾಷೆಯನ್ನು ಕನ್ನಡ ಮಾಡಿ. ಅನುಮತಿ ಕೇಳುವ ಪೆಟ್ಟಿಗೆಯೂ ಕನ್ನಡದಲ್ಲೇ ಬರುತ್ತದೆ. ಇಂಗ್ಲಿಷಿನಲ್ಲಿ ಓದದೆ ಒತ್ತಿಬಿಡುವ "ಅಲೋ" ಬಟನನ್ನು ಕನ್ನಡದಲ್ಲಾದರೆ ಓದಿಯೇ ಒತ್ತುತ್ತೀರಿ.

ಹಾಗಾದರೆ ಚೀಟ್ ಎಂದರೆ ಎಲ್ಲವೂ ಕಳ್ಳಮಾಲೇ? ಅಲ್ಲ. ಅತಿ ಸೇಫ್ ಆದ ಚೀಟ್ ಗೇಮ್ ಮಾಡಿದವರೇ ಇಟ್ಟಿರುವುದು. ಜಪಾನಿನ ಕೊನಾಮಿ ಕಂಪೆನಿಯಲ್ಲಿ ಕಝುಹಿಸಾ ಹಾಶಿಮೊಟೊ ಎಂಬವರು ಗ್ರೇಡಿಯಸ್ ಎಂಬ ಗೇಮನ್ನು ಮನೆಯಲ್ಲಿ ಆಡುವ ಯಂತ್ರಕ್ಕೆ ಹೊಂದಿಸುತ್ತಿದ್ದರು. ಅದು ಹೊರಬಂದದ್ದು 1986ರಲ್ಲಿ. ಗೇಮ್ ಎಷ್ಟು ಕಷ್ಟ ಎಂದರೆ, ಪರೀಕ್ಷೆ ಮಾಡಲು ಅವರಿಗೇ ಕೊನೆಯವರೆಗೆ ಆಡಲಾಗುತ್ತಿರಲಿಲ್ಲ. ಅದಕ್ಕೆ ಮೇಲೆ, ಮೇಲೆ, ಕೆಳಗೆ, ಕೆಳಗೆ, ಎಡ, ಬಲ, ಎಡ, ಬಲ, ಬಿ, ಎ ಎಂದು ಒತ್ತಿದರೆ ಎಲ್ಲ ಶಕ್ತಿಯೂ ಸಿಗುವಂತೆ ಒಂದು ಒಳದಾರಿ ಮಾಡಿಕೊಂಡರು. ಅದು ಗೇಮಿನಲ್ಲೇ ಉಳಿದು, ಆಡುವವರಿಗೂ ಗೊತ್ತಾಗಿ, ಜಗತ್ತಿನಾದ್ಯಂತ ಕೊನಾಮಿ ಕೋಡ್ ಎಂದು ಹೆಸರಾಯಿತು. ಮೈನ್‌ಕ್ರಾಫ್ಟಿನಲ್ಲೂ ಹೊಸ ಲೋಕ ಮಾಡುವಾಗ "ಚೀಟ್ಸ್" ಎಂಬ ಸ್ವಿಚ್ಚೇ ಇರುತ್ತದೆ. ಫೋನಿನಲ್ಲಿ ಆಡುವ ಆವೃತ್ತಿಯಲ್ಲಿ ಅದನ್ನು ಹಾಕಿದರೆ, ಈ ಲೋಕದಲ್ಲಿ ನಿಮಗೆ ಸಾಧನೆಯ ಪದಕ ಸಿಗುವುದಿಲ್ಲ ಎಂದು ಗೇಮ್ ಮೊದಲೇ ಹೇಳಿಬಿಡುತ್ತದೆ. ನೇರ ವ್ಯವಹಾರ, ನನಗೆ ಅದು ಇಷ್ಟ. ಇಂಥ ಚೀಟಿಗೆ ಏನನ್ನೂ ಡೌನ್‌ಲೋಡ್ ಮಾಡಬೇಕಾಗಿಲ್ಲ. ಯಾವ ಬಟನ್, ಯಾವ ಪದ ಎಂದು ತಿಳಿದರೆ ಸಾಕು. ತಿಳಿದುಕೊಳ್ಳುವುದರಿಂದ ಫೋನಿಗೆ ವೈರಸ್ ಬರುವುದಿಲ್ಲ.

ಒಬ್ಬರೇ ಕೂತು ಚೆನ್ನೆಮಣೆ ಆಡುವಾಗ ಗುಳಿಗೆ ಎರಡು ಕಾಳು ಹೆಚ್ಚು ಹಾಕಿದರೆ ಯಾರಿಗೂ ನಷ್ಟ ಇಲ್ಲ. ಅಜ್ಜಿಯ ಎದುರು ಕೂತು ಹಾಕಿದರೆ ಮಾತ್ರ ಮಣೆ ಮಗುಚುತ್ತದೆ. ಆನ್‌ಲೈನ್ ಗೇಮಿನಲ್ಲಿ ಗೋಡೆಯಾಚೆ ಕಾಣುವ ಚೀಟ್ ಹಾಕಿದವರ ಅಕೌಂಟ್ ಬ್ಯಾನ್ ಮಾಡುವುದೂ ಇದೇ ಲೆಕ್ಕದಲ್ಲಿ.

ಮಾಡ್ ಎಂಬುದು ಚೀಟಿಗಿಂತ ದೊಡ್ಡ ವಿಷಯ. ಗೇಮಿನ ನಿಯಮವನ್ನೋ ರೂಪವನ್ನೋ ಬದಲಿಸಿ ಹೊಸದು ಮಾಡುವುದು. ನೀವು ಆಡುವ ಬಿಜಿಎಂಐಯ ಪೂರ್ವಜರೇ ಮಾಡುಗಳು. ಆರ್ಮಾ 2 ಎಂಬ ಗೇಮಿಗೆ ಡೇಝಡ್ ಎಂಬ ಮಾಡ್ ಬಂತು. ಐರ್ಲೆಂಡಿನ ಬ್ರೆಂಡನ್ ಗ್ರೀನ್ ಆ ಮಾಡಿಗೇ ಇನ್ನೊಂದು ಮಾಡ್ ಮಾಡಿ, ಕೊನೆಗೆ ಒಬ್ಬರೇ ಉಳಿಯುವ ಆಟ ಕಟ್ಟಿದರು. ಅದೇ ಕಲ್ಪನೆ 2017ರಲ್ಲಿ ಪಬ್‌ಜಿ ಆಯಿತು. ಕೌಂಟರ್ ಸ್ಟ್ರೈಕ್ ಕೂಡ 1999ರಲ್ಲಿ ಇಬ್ಬರು ಹುಡುಗರು ಹಾಫ್ ಲೈಫ್ ಗೇಮಿಗೆ ಮಾಡಿದ ಮಾಡ್. ಮೂಲ ಗೇಮಿನ ಕಂಪೆನಿಯೇ ಅದನ್ನು ಕೊಂಡು, ಅವರಿಗೆ ಕೆಲಸ ಕೊಟ್ಟಿತು.

ಒಳ್ಳೆಯ ಮಾಡುಗಳು ಸಿಗುವುದು ಅವನ್ನು ಮಾಡುವವರ ಬಳಗದಲ್ಲಿ. ಆ ಬಳಗ ಎಂಥದ್ದು ಎಂದು ತಿಳಿಯಲು ನಾನು ಮೊದಲು ನೋಡುವುದು ಜಗಳವನ್ನು! "ಈ ಮಾಡ್ ಹಾಕಿದ ಮೇಲೆ ನನ್ನ ಗೇಮ್ ನಿಂತುಹೋಯಿತು" ಎಂದು ಯಾರೋ ಬರೆದಿರಬೇಕು, ಅದಕ್ಕೆ ಮಾಡಿದವರು ಉತ್ತರ ಕೊಟ್ಟಿರಬೇಕು, ಮುಂದಿನ ಆವೃತ್ತಿಯಲ್ಲಿ ಸರಿಪಡಿಸಿರಬೇಕು. "ಸೂಪರ್ ಬ್ರೋ", "100% ವರ್ಕಿಂಗ್" ಎಂಬ ಹೊಗಳಿಕೆ ಮಾತ್ರ ಇದ್ದರೆ ಅನುಮಾನ. ಮಾಡಿದವರು ಎಷ್ಟು ಕಾಲದಿಂದ ಅಲ್ಲಿದ್ದಾರೆ, ಒಳಗಿನ ಕೋಡನ್ನು ಬೇರೆಯವರು ಓದಲು ಬಿಟ್ಟಿದ್ದಾರೆಯೇ, ಗೇಮ್ ಮಾಡಿದವರೇ ಆ ಜಾಗವನ್ನು ತೋರಿಸಿಕೊಟ್ಟಿದ್ದಾರೆಯೇ ಎಂದೂ ನೋಡಬೇಕು. ಅಲ್ಲಿ ಪ್ರಶ್ನೆ ಕೇಳಲು ನಿಮ್ಮ ಊರು, ಶಾಲೆ, ಫೋನ್ ನಂಬರ್ ಯಾರಿಗೂ ಬೇಡ. ಕೇಳಿದವರಿಗೆ ಕೊಡಲೂ ಬೇಡಿ.

ಒಳ್ಳೆಯ ಬಳಗಕ್ಕೂ ಕಳ್ಳರು ನುಗ್ಗುತ್ತಾರೆ. ಮೈನ್‌ಕ್ರಾಫ್ಟಿನ ಮಾಡುಗಳಿಗೆ ಕರ್ಸ್‌ಫೋರ್ಜ್ ತುಂಬ ಹೆಸರಾದ ಜಾಗ. 2023ರ ಜೂನ್‌ನಲ್ಲಿ ಅಲ್ಲಿನ ಕೆಲವು ಅಕೌಂಟುಗಳ ಮೂಲಕ ಮಾಡುಗಳೊಳಗೆ ಫ್ರಾಕ್ಚರೈಸರ್ ಎಂಬ ದುಷ್ಟ ಪ್ರೋಗ್ರಾಮನ್ನು ಸೇರಿಸಿದರು. ಅದು ಕಂಪ್ಯೂಟರಿನಲ್ಲಿ ಉಳಿಸಿಟ್ಟ ಲಾಗಿನ್ ಮಾಹಿತಿಯನ್ನು ಕದಿಯುತ್ತಿತ್ತು. ಪತ್ತೆಹಚ್ಚಿದ್ದು ಮಾಡ್ ಮಾಡುವವರೇ. ಒಟ್ಟು ಸೇರಿ ಅದನ್ನು ಬಿಚ್ಚಿ ನೋಡಿ, ಹೇಗೆ ಕೆಲಸ ಮಾಡುತ್ತದೆ, ನಿಮ್ಮ ಯಂತ್ರದಲ್ಲಿ ಉಂಟೋ ಎಂದು ತಿಳಿಯುವುದು ಹೇಗೆ ಎಂದು ಎಲ್ಲರಿಗೂ ಕಾಣುವಂತೆ ಬರೆದು ಹಾಕಿದರು. ಯಾರೋ ಕಳಿಸಿದ ಟೆಲಿಗ್ರಾಮ್ ಲಿಂಕಿನಿಂದ ಬಂದ ಮಾಡಿನಲ್ಲಿ ಹೀಗಾಗಿದ್ದರೆ ಹೇಳುವವರು ಯಾರು?

ಫೈಲು ದಾರಿಯಲ್ಲಿ ಬದಲಾಗಿದೆಯೇ ಎಂದು ನೋಡಲು ಒಂದು ಪ್ರಯೋಗ ಉಂಟು. ನಿಮ್ಮ ಶಾಲೆಯ ಲ್ಯಾಬಿನಲ್ಲಿ ಉಬುಂಟು ಇದ್ದರೆ ಇವತ್ತೇ ಮಾಡಬಹುದು. ನಮ್ಮ ಕೇರಳದ ಹೈಸ್ಕೂಲುಗಳಲ್ಲಿ ಹೇಗೂ ಉಂಟು. ಒಂದು ಟೆಕ್ಸ್ಟ್ ಫೈಲಿನಲ್ಲಿ "ಕಾಸರಗೋಡು" ಎಂದು, ಇನ್ನೊಂದರಲ್ಲಿ ಕೊನೆಯ ಕೊಂಬು ಬಿಟ್ಟು "ಕಾಸರಗೋಡ" ಎಂದು ಬರೆದು ಉಳಿಸಿ. ಎರಡರದೂ ಎಸ್‌ಎಚ್‌ಎ-256 ಬೆರಳಚ್ಚು ತೆಗೆಯಿರಿ. ಟರ್ಮಿನಲ್ಲಿನಲ್ಲಿ ಒಂದೇ ಸಾಲಿನ ಆಜ್ಞೆ, ಐಟಿ ಟೀಚರ್ ತೋರಿಸಿಕೊಡುತ್ತಾರೆ. 64 ಅಕ್ಷರ, ಅಂಕಿಗಳ ಎರಡು ಸಾಲು ಬರುತ್ತವೆ. ಬದಲಾದದ್ದು ಒಂದು ಕೊಂಬು, ಆದರೆ ಸಾಲುಗಳಿಗೆ ಒಂದಕ್ಕೊಂದು ಸಂಬಂಧವೇ ಕಾಣುವುದಿಲ್ಲ. ಒಳ್ಳೆಯ ಬಳಗಗಳು ಮಾಡಿನ ಜತೆ ಈ ಸಾಲನ್ನೂ ಪ್ರಕಟಿಸುವುದುಂಟು. ನೀವು ಇಳಿಸಿಕೊಂಡ ಫೈಲಿನ ಸಾಲು ಅದಕ್ಕೆ ಸರಿಹೊಂದದಿದ್ದರೆ ತೆರೆಯಬೇಡಿ. ವೈರಸ್‌ಟೋಟಲ್ ಎಂಬಲ್ಲಿ ಫೈಲು ಹಾಕಿದರೆ ಹತ್ತಾರು ಆ್ಯಂಟಿವೈರಸ್‌ಗಳು ಒಟ್ಟಿಗೆ ನೋಡಿ ಹೇಳುತ್ತವೆ. ಯಾವುದೂ ಏನೂ ಹೇಳಲಿಲ್ಲ ಎಂದಮಾತ್ರಕ್ಕೆ ಶುದ್ಧ ಎಂದಲ್ಲ. ಹೊಸ ರೋಗ ಹಳೆಯ ಡಾಕ್ಟರಿಗೆ ಗೊತ್ತಿರುವುದಿಲ್ಲ. ಮನೆಯ ಫೋಟೊ, ದಾಖಲೆಗಳನ್ನು ಅಲ್ಲಿ ಹಾಕಬಾರದು, ಹಾಕಿದ ಫೈಲು ಬೇರೆಯವರಿಗೂ ಸಿಗುತ್ತದೆ.

ಮಾಡ್ ಹಾಕಿ ಕಲಿಯಬೇಕು ಎಂಬ ಆಸೆ ಇದ್ದವರಿಗೆ ನಾನು ಹೇಳುವುದು ಲುವಾಂಟಿ. 2010ರಲ್ಲಿ ಫಿನ್ಲೆಂಡಿನಲ್ಲಿ ಶುರುವಾದದ್ದು, 2024ರವರೆಗೆ ಮೈನ್‌ಟೆಸ್ಟ್ ಎಂದು ಹೆಸರಿತ್ತು. ಉಚಿತ, ಪ್ಲೇ ಸ್ಟೋರಿನಲ್ಲೇ ಉಂಟು. ಮೈನ್‌ಕ್ರಾಫ್ಟ್ ಹಾಗೆಯೇ ಚೌಕ ಚೌಕದ ಲೋಕ. ಮಾಡುಗಳು ಗೇಮಿನ ಒಳಗಿನಿಂದಲೇ ಸಿಗುತ್ತವೆ, ಪಟ್ಟಿಗೆ ಸೇರುವ ಮೊದಲು ಬಳಗದವರು ನೋಡಿ ಒಪ್ಪಿರುತ್ತಾರೆ. ಲುವಾ ಎಂಬ ಸರಳ ಭಾಷೆಯಲ್ಲಿ ಬರೆದಿರುವುದರಿಂದ ತೆರೆದು ಓದಬಹುದು. ಗುಂಡಿ ತೋಡುವ ವೇಗವನ್ನು ಎರಡು ಪಟ್ಟು ಮಾಡಬೇಕೇ? ಆ ಸಂಖ್ಯೆ ಎಲ್ಲಿದೆ ಎಂದು ಹುಡುಕಿ ಬದಲಿಸಿ. ಲಿಟಲ್ ಕೈಟ್ಸಿನಲ್ಲಿ ಸ್ಕ್ರಾಚ್ ಕಲಿತವರಿಗೆ ಇದು ಮುಂದಿನ ಮೆಟ್ಟಿಲು, ಅಷ್ಟೇ.

ಈಗಾಗಲೇ ಯಾವುದೋ ಮಾಡ್ ಎಪಿಕೆ ಹಾಕಿಬಿಟ್ಟಿದ್ದರೆ ಫೋನನ್ನು ಮೊದಲು ಏರೋಪ್ಲೇನ್ ಮೋಡಿಗೆ ಹಾಕಿ, ವೈಫೈಯೂ ಆಫ್ ಆಗಿದೆಯೇ ನೋಡಿ. ಆ ಆ್ಯಪನ್ನು ತೆಗೆದುಹಾಕಿ. ಹೋಗಲು ಒಪ್ಪದಿದ್ದರೆ ಸೆಟ್ಟಿಂಗ್ಸಿನಲ್ಲಿ ಅದಕ್ಕೆ ಕೊಟ್ಟ ಆ್ಯಕ್ಸೆಸಿಬಿಲಿಟಿ ಅನುಮತಿಯನ್ನು ಮೊದಲು ಹಿಂತೆಗೆದುಕೊಳ್ಳಿ. ಪಾಸ್‌ವರ್ಡುಗಳನ್ನು ಬೇರೆ ಫೋನಿನಿಂದ ಬದಲಿಸಿ, ಅದೇ ಫೋನಿನಿಂದ ಅಲ್ಲ. ಬ್ಯಾಂಕಿನಿಂದ ದುಡ್ಡು ಹೋದ ಮೆಸೇಜ್ ಬಂದಿದ್ದರೆ 1930ಕ್ಕೆ ಕರೆ ಮಾಡಬೇಕು. ಕೇರಳವಿರಲಿ, ಮಹಾರಾಷ್ಟ್ರವಿರಲಿ, ಆಂಧ್ರವಿರಲಿ, ಇಡೀ ದೇಶಕ್ಕೆ ಒಂದೇ ನಂಬರ್. ಬೇಗ ಕರೆ ಮಾಡಿದಷ್ಟೂ ದುಡ್ಡನ್ನು ದಾರಿಯಲ್ಲೇ ತಡೆಯುವ ಸಾಧ್ಯತೆ ಹೆಚ್ಚು. ಹಾಗಾಗಿ ಅಪ್ಪ ಬೈತಾರೆ ಎಂದು ರಾತ್ರಿಯವರೆಗೆ ಕಾಯಬೇಡಿ. ಮನೆಯಲ್ಲಿ ಹೇಳಲು ಹೆದರಿಕೆಯಾದರೆ ಶಾಲೆಯಲ್ಲಿ ನಮ್ಮಲ್ಲಿ ಯಾರಿಗಾದರೂ ಹೇಳಿ, ಮನೆಯವರ ಹತ್ತಿರ ನಾವು ಮಾತಾಡುತ್ತೇವೆ.