ಯುರೋಪಿನ ಕಥೆ ಲೋಕದ ನಿಯಮವಲ್ಲ

ಅಂತಾರಾಷ್ಟ್ರೀಯ ರಾಜಕಾರಣದಲ್ಲಿ ಶಾಶ್ವತ ಮಿತ್ರರೂ ಇಲ್ಲ, ಶಾಶ್ವತ ಶತ್ರುಗಳೂ ಇಲ್ಲ ಎಂಬ ಮಾತು ನಮ್ಮ ಟಿವಿ ಚರ್ಚೆಗಳಲ್ಲಿ ಮತ್ತೆಮತ್ತೆ ಕಿವಿಗೆ ಬೀಳುತ್ತದೆ. ಸೂರ್ಯ ಮೂಡುವಷ್ಟೇ ಖಚಿತವಾದ ನಿಯಮವೆಂಬಂತೆ ಅದನ್ನು ಹೇಳುತ್ತಾರೆ. ಅದರ ಮೂಲ ಹುಡುಕಿದರೆ ಸಿಗುವುದು 1848ರಲ್ಲಿ ಬ್ರಿಟನ್ನಿನ ವಿದೇಶಾಂಗ ಸಚಿವ ಪಾಮರ್‌ಸ್ಟನ್ ತನ್ನ ನೀತಿಯನ್ನು ಸಮರ್ಥಿಸಿಕೊಳ್ಳಲು ಸಂಸತ್ತಿನಲ್ಲಿ ಮಾಡಿದ ಭಾಷಣ. ಎಂ.ಎ. ರಾಜ್ಯಶಾಸ್ತ್ರದ ತರಗತಿಯಲ್ಲೂ ಐಎಎಸ್ ಆಕಾಂಕ್ಷಿಗಳ ನೋಟ್ಸ್‌ನಲ್ಲೂ ಇಂಥವು ಹಲವಿವೆ. ಎಲ್ಲಿ, ಯಾರು, ಯಾವಾಗ ಹೇಳಿದರೆಂಬುದು ಅಳಿಸಿಹೋಗಿ, ಬರೀ ನಿಯಮ ಉಳಿದುಕೊಂಡಿದೆ. ಅಂಥ ಆರು ನಂಬಿಕೆಗಳನ್ನು ಇಲ್ಲಿ ಒರೆಗೆ ಹಚ್ಚಿದೆ.

ತಪ್ಪು ಕಲ್ಪನೆ 1: ಅಂತಾರಾಷ್ಟ್ರೀಯ ಸಂಬಂಧಗಳ ಅಧ್ಯಯನ ಹುಟ್ಟಿದ್ದು 1919ರಲ್ಲಿ, ಶಾಂತಿಯ ಹಂಬಲದಿಂದ.

ಸತ್ಯ: ಮೊದಲ ಮಹಾಯುದ್ಧ ಮುಗಿದ ಮೇಲೆ ವೇಲ್ಸ್‌ನ ಅಬೆರಿಸ್ಟ್‌ವಿತ್‌ನಲ್ಲಿ ಈ ವಿಷಯಕ್ಕೆಂದೇ ಅಧ್ಯಯನ ಪೀಠ ಶುರುವಾದದ್ದು ನಿಜ. ಆದರೆ 1910ರಲ್ಲೇ ಅಮೆರಿಕದ ಕ್ಲಾರ್ಕ್ ವಿಶ್ವವಿದ್ಯಾಲಯದಿಂದ ‘ಜರ್ನಲ್ ಆಫ್ ರೇಸ್ ಡೆವಲಪ್‌ಮೆಂಟ್’ ಎಂಬ ಪತ್ರಿಕೆ ಹೊರಡುತ್ತಿತ್ತು. ‘ಹಿಂದುಳಿದ ಜನಾಂಗ’ಗಳನ್ನು ಆಳುವುದು ಹೇಗೆ, ತಿದ್ದುವುದು ಹೇಗೆ ಎಂಬುದು ಅಲ್ಲಿನ ದೊಡ್ಡ ಚರ್ಚೆ. 1919ರಲ್ಲಿ ಅದು ಹೆಸರು ಬದಲಿಸಿಕೊಂಡು ‘ಜರ್ನಲ್ ಆಫ್ ಇಂಟರ್‌ನ್ಯಾಷನಲ್ ರಿಲೇಷನ್ಸ್’ ಆಯಿತು. ಇಂದಿನ ಪ್ರಭಾವಿ ಪತ್ರಿಕೆ ‘ಫಾರಿನ್ ಅಫೇರ್ಸ್’ ಅದರ ವಾರಸುದಾರ. ವಿದ್ವಾಂಸ ರಾಬರ್ಟ್ ವಿಟಾಲಿಸ್ 2015ರ ತಮ್ಮ ಪುಸ್ತಕದಲ್ಲಿ ಈ ಮರೆತ ಚರಿತ್ರೆಯನ್ನು ಬಿಡಿಸಿಟ್ಟರು.

ಯುರೋಪಿನ ಯುದ್ಧಕ್ಕೆ ಆಫ್ರಿಕಾದ ಸಂಪತ್ತಿಗಾಗಿ ನಡೆದ ಪೈಪೋಟಿಯೇ ಕಾರಣವೆಂದು ಕಪ್ಪುವರ್ಣೀಯ ಚಿಂತಕ ಡಬ್ಲ್ಯು.ಇ.ಬಿ. ಡುಬಾಯ್ಸ್ 1915ರಲ್ಲೇ ವಾದಿಸಿದ್ದರು. ಅದೇ 1919ರಲ್ಲಿ ಬಂಗಾಳದ ಬಿನಯ್ ಕುಮಾರ್ ಸರ್ಕಾರ್ ಅಮೆರಿಕದ ಮುಂಚೂಣಿ ರಾಜ್ಯಶಾಸ್ತ್ರ ಪತ್ರಿಕೆಯಲ್ಲಿ ಹಿಂದೂ ಅಂತಾರಾಷ್ಟ್ರೀಯ ಸಂಬಂಧ ಸಿದ್ಧಾಂತದ ಕುರಿತು ಲೇಖನ ಪ್ರಕಟಿಸಿದರು. ಪಠ್ಯಪುಸ್ತಕಗಳಿಗೆ ಬಹುಕಾಲ ಇವರಿಬ್ಬರೂ ಕಾಣಲೇ ಇಲ್ಲ.

ತಪ್ಪು ಕಲ್ಪನೆ 2: ಸಾರ್ವಭೌಮ ರಾಷ್ಟ್ರಗಳ ವ್ಯವಸ್ಥೆ 1648ರ ವೆಸ್ಟ್‌ಫಾಲಿಯಾ ಒಪ್ಪಂದದಿಂದ ಜಾರಿಗೆ ಬಂತು.

ಸತ್ಯ: ಮೂವತ್ತು ವರ್ಷಗಳ ಯುದ್ಧವನ್ನು ಕೊನೆಗಾಣಿಸಿದ ಆ ಒಪ್ಪಂದಗಳಲ್ಲಿ ಇಂದಿನ ಅರ್ಥದ ಸಾರ್ವಭೌಮತ್ವದ ತತ್ವವೇ ಇಲ್ಲ. ಇತಿಹಾಸಕಾರ ಆಂಡ್ರಿಯಾಸ್ ಒಸಿಯಾಂಡರ್ 2001ರಲ್ಲಿ ಇದನ್ನು ತೋರಿಸಿಕೊಟ್ಟರು. ಸಾರ್ವಭೌಮತ್ವದ ಆಧುನಿಕ ಕಲ್ಪನೆಗೆ ಒಗ್ಗದ ಪವಿತ್ರ ರೋಮನ್ ಸಾಮ್ರಾಜ್ಯ ಅದಾದ ಮೇಲೂ 1806ರವರೆಗೆ ಬಾಳಿತು. ಏಷ್ಯಾ, ಆಫ್ರಿಕಾಗಳ ಮಟ್ಟಿಗೆ ಹೇಳುವುದಾದರೆ, ಸಾರ್ವಭೌಮತ್ವ ಯುರೋಪಿನಿಂದ ತಾನಾಗಿ ಹರಿದುಬಂದ ಉಡುಗೊರೆಯಲ್ಲ. ಅದನ್ನು ಯುರೋಪಿನ ಕೈಯಿಂದಲೇ ಹೋರಾಡಿ ಕಿತ್ತುಕೊಳ್ಳಬೇಕಾಯಿತು.

ತಪ್ಪು ಕಲ್ಪನೆ 3: ಒಬ್ಬ ಬಲಿಷ್ಠನಾದರೆ ಉಳಿದವರು ಒಂದಾಗಿ ಅವನನ್ನು ತಡೆಯುತ್ತಾರೆ, ಬಲದ ಸಮತೋಲನ ಎಲ್ಲೆಲ್ಲೂ ನಡೆಯುವ ನಿಯಮ.

ಸತ್ಯ: ಲೂಯಿ 14, ನೆಪೋಲಿಯನ್, ಹಿಟ್ಲರ್ ಮೂವರ ವಿಷಯದಲ್ಲೂ ಯುರೋಪಿನಲ್ಲಿ ಹೀಗೇ ಆಯಿತು. ಅದರ ಆಧಾರದ ಮೇಲೆ ಸಿದ್ಧಾಂತ ಕಟ್ಟಿದರು. ಅನ್ನ ಬೆಂದಿದೆಯೇ ಎಂದು ತಿಳಿಯಲು ಒಂದಗುಳು ಹಿಚುಕಿದರೆ ಸಾಕು, ಒಪ್ಪೋಣ. ಆದರೆ ಒಂದು ಮನೆಯ ಅಗುಳು ಹಿಚುಕಿ ಊರಿನ ಅನ್ನವೆಲ್ಲ ಬೆಂದಿದೆ ಎನ್ನಲಾದೀತೇ?

ಪ್ರಾಚೀನ ಚೀನಾದಲ್ಲಿ ಏಳು ರಾಜ್ಯಗಳು ಶತಮಾನಗಳ ಕಾಲ ಕಾದಾಡುತ್ತಿದ್ದವು. ಚಿನ್ ರಾಜ್ಯದ ವಿರುದ್ಧ ಉಳಿದ ಆರು ಆಗಾಗ ಕೂಟ ಕಟ್ಟಿದವು. ಆಮಿಷವೊಡ್ಡಿ, ಭೇದ ಹುಟ್ಟಿಸಿ ಚಿನ್ ಆ ಕೂಟಗಳನ್ನು ಒಡೆಯುತ್ತಲೇ ಬಂತು, ಕ್ರಿ.ಪೂ. 221ರ ಹೊತ್ತಿಗೆ ಆರನ್ನೂ ನುಂಗಿ ಸಾಮ್ರಾಜ್ಯವಾಯಿತು. ಯುರೋಪಿನಲ್ಲಿ ಗೆದ್ದ ಸಮತೋಲನ ಅಲ್ಲೇಕೆ ಸೋತಿತು ಎಂಬ ಪ್ರಶ್ನೆಯನ್ನೇ ಹಿಡಿದು ವಿಕ್ಟೋರಿಯಾ ಹುಯಿ 2005ರಲ್ಲಿ ಗ್ರಂಥ ಬರೆದರು.

ಇನ್ನು ನಮ್ಮ ದಖ್ಖನ್ ನೋಡಿ. ವಿಜಯನಗರದ ಅಳಿಯ ರಾಮರಾಯ 1540ರ ದಶಕದಲ್ಲಿ ಅಹ್ಮದ್‌ನಗರದ ಜೊತೆಗೂಡಿ ಬಿಜಾಪುರವನ್ನು ಹಣಿದ. ಮುಂದಿನ ದಶಕದ ಕೊನೆಗೆ ಬಿಜಾಪುರವನ್ನೇ ಜೊತೆಗಿಟ್ಟುಕೊಂಡು ಅಹ್ಮದ್‌ನಗರದ ಮೇಲೆ ಬಿದ್ದ. ಗೋಲ್ಕೊಂಡದ ಸುಲ್ತಾನನಾಗಲಿದ್ದ ಇಬ್ರಾಹಿಂ ವರ್ಷಗಟ್ಟಲೆ ವಿಜಯನಗರದಲ್ಲೇ ಆಶ್ರಯ ಪಡೆದಿದ್ದ. ರಾಮರಾಯನ ಕೈ ತೀರಾ ಮೇಲಾದಾಗ ಬಿಜಾಪುರ, ಅಹ್ಮದ್‌ನಗರ, ಗೋಲ್ಕೊಂಡ, ಬೀದರ್ ಸುಲ್ತಾನರು ಹಳೆಯ ಹಗೆ ಮರೆತು ಒಂದಾದರು. ಅವರು ರಾಮರಾಯನ ವಿರುದ್ಧ ನಡೆಸಿದ 1565ರ ರಕ್ಕಸತಂಗಡಿ ಯುದ್ಧವನ್ನು ಧರ್ಮಯುದ್ಧವೆಂದಷ್ಟೇ ಓದಿದರೆ ಅದರ ಹಿಂದಿನ ಎರಡು ದಶಕಗಳ ಲೆಕ್ಕಾಚಾರ ಕಣ್ತಪ್ಪುತ್ತದೆ. ಚೀನಾದಲ್ಲಿ ಮುರಿದ ನಿಯಮ ಇಲ್ಲಿ ಯುರೋಪಿನ ಹಂಗಿಲ್ಲದೆ ಕೆಲಸ ಮಾಡಿತು. ಎಲ್ಲಿ ನಡೆಯುತ್ತದೆ, ಎಲ್ಲಿ ನಡೆಯುವುದಿಲ್ಲ, ಏಕೆ? ಈ ಪ್ರಶ್ನೆ ಕೇಳುವುದಕ್ಕಾದರೂ ಮೂರೂ ಕಡೆಯ ಇತಿಹಾಸ ಗೊತ್ತಿರಬೇಕು.

ತಪ್ಪು ಕಲ್ಪನೆ 4: ಕೌಟಿಲ್ಯ ಅಂದರೆ ಭಾರತದ ಮೆಕಿಯಾವೆಲ್ಲಿ, ನಿರ್ದಯ ತಂತ್ರಗಾರ.

ಸತ್ಯ: ಕೌಟಿಲ್ಯನ ಅರ್ಥಶಾಸ್ತ್ರ ಆಧುನಿಕ ಲೋಕಕ್ಕೆ ಸಿಕ್ಕಿದ್ದು ಮೈಸೂರಿನಲ್ಲಿ. ಅಲ್ಲಿನ ಪ್ರಾಚ್ಯ ಗ್ರಂಥಾಲಯಕ್ಕೆ ಬಂದ ತಾಳೆಗರಿ ಪ್ರತಿಯನ್ನು ಆರ್. ಶಾಮಶಾಸ್ತ್ರಿಗಳು ಗುರುತಿಸಿ 1909ರಲ್ಲಿ ಸಂಸ್ಕೃತ ಮೂಲವನ್ನೂ 1915ರಲ್ಲಿ ಇಂಗ್ಲಿಷ್ ಅನುವಾದವನ್ನೂ ಹೊರತಂದರು. ಜರ್ಮನಿಯ ಮ್ಯಾಕ್ಸ್ ವೇಬರ್ 1919ರ ಹೊತ್ತಿಗೆ, ಇದರ ಮುಂದೆ ಮೆಕಿಯಾವೆಲ್ಲಿಯ ಕೃತಿ ಏನೂ ಅಲ್ಲ ಎಂಬರ್ಥದ ಮಾತಾಡಿದ್ದರು. ಹೋಲಿಕೆ ಹಾಗೇ ಅಂಟಿಕೊಂಡಿತು.

ಗ್ರಂಥ ತೆರೆದರೆ ಬೇರೆಯೇ ಚಿತ್ರ. ನೆರೆಯವ ಶತ್ರು, ಅವನಾಚೆಯವ ಮಿತ್ರ ಎಂಬ ಮಂಡಲದ ಸೂತ್ರ ಬರೀ ಆರಂಭ. ಎರಡೂ ಕಡೆಗೆ ನೆರವಾಗಬಲ್ಲ ಮಧ್ಯಮನಿದ್ದಾನೆ, ಎಲ್ಲರಿಗಿಂತ ಬಲಿಷ್ಠನಾದರೂ ದೂರವಿರುವ ಉದಾಸೀನನಿದ್ದಾನೆ. ರಾಜನ ಮುಂದೆ ಸಂಧಿ (ಒಪ್ಪಂದ), ವಿಗ್ರಹ (ಯುದ್ಧ), ಆಸನ (ಸುಮ್ಮನೆ ಕಾಯುವುದು), ಯಾನ (ದಂಡೆತ್ತಿ ಹೋಗುವುದು), ಸಂಶ್ರಯ (ಇನ್ನೊಬ್ಬನ ಆಶ್ರಯ), ದ್ವೈಧೀಭಾವ (ಒಬ್ಬನೊಡನೆ ಸಂಧಿ, ಇನ್ನೊಬ್ಬನೊಡನೆ ಯುದ್ಧ) ಎಂಬ ಆರು ದಾರಿಗಳಿವೆ. ಸಂಧಿ, ಯುದ್ಧ ಎರಡರಿಂದಲೂ ಸಮಾನ ಲಾಭವಿದ್ದರೆ ಸಂಧಿಯನ್ನೇ ಆರಿಸಬೇಕು, ಏಕೆಂದರೆ ಯುದ್ಧದಲ್ಲಿ ಜನಹಾನಿ, ಖರ್ಚು, ಮನೆ ಬಿಟ್ಟ ಅಲೆದಾಟ ಉಂಟು ಎನ್ನುತ್ತಾನೆ ಕೌಟಿಲ್ಯ. ಗೆದ್ದ ನಾಡಿನ ವೇಷ, ಭಾಷೆ, ಆಚಾರಗಳನ್ನು ಗೆದ್ದವನೇ ಅನುಸರಿಸಬೇಕೆನ್ನುತ್ತಾನೆ. ವಿಷಪ್ರಯೋಗ, ಗೂಢಚಾರಿಕೆಯ ಅಧ್ಯಾಯಗಳೂ ಇವೆ. ಒಂದು ಪುಟ ಹಿಡಿದು ಕ್ರೂರಿ ಎನ್ನುವುದೂ ಇನ್ನೊಂದು ಪುಟ ಹಿಡಿದು ಸಂತ ಎನ್ನುವುದೂ ಅರೆಬರೆ ಓದು.

ತಪ್ಪು ಕಲ್ಪನೆ 5: ಅಲಿಪ್ತ ನೀತಿ ಅಂದರೆ ಯಾರ ಗೊಡವೆಗೂ ಹೋಗದ ತಟಸ್ಥ ನೀತಿ, ಅಲಿಪ್ತ ಚಳವಳಿ ಹುಟ್ಟಿದ್ದು ಬಾಂಡುಂಗ್‌ನಲ್ಲಿ.

ಸತ್ಯ: ತಟಸ್ಥ ದೇಶ ಯುದ್ಧದಲ್ಲಿ ಪಕ್ಷ ವಹಿಸುವುದಿಲ್ಲ, ಸ್ವಿಟ್ಜರ್ಲೆಂಡಿಗೆ 1815ರಿಂದ ಅದು ಕಾನೂನುಬದ್ಧ ಸ್ಥಾನ. ಅಲಿಪ್ತ ದೇಶ ಮಿಲಿಟರಿ ಬಣ ಸೇರದೆ, ಪ್ರತಿ ವಿಷಯದಲ್ಲೂ ತನ್ನ ತೀರ್ಮಾನ ತಾನೇ ತೆಗೆದುಕೊಳ್ಳುತ್ತದೆ. 1956ರಲ್ಲಿ ಸೂಯೆಜ್ ಮೇಲಿನ ದಾಳಿಯನ್ನು ಭಾರತ ಕಟುವಾಗಿ ಖಂಡಿಸಿತು. ಕೊರಿಯಾ ಯುದ್ಧದ ಬಳಿಕ ತಾಯ್ನಾಡಿಗೆ ಮರಳಲು ಒಲ್ಲೆನೆಂದ ಯುದ್ಧಕೈದಿಗಳ ಕಗ್ಗಂಟನ್ನು ಬಿಡಿಸಲು ನೇಮಿಸಿದ ಆಯೋಗಕ್ಕೆ ಅಧ್ಯಕ್ಷರಾಗಿದ್ದವರು ಕೊಡಗಿನ ಜನರಲ್ ಕೆ.ಎಸ್. ತಿಮ್ಮಯ್ಯ. ದೂರ ಕುಳಿತ ದೇಶಕ್ಕೆ ಇಂಥ ಹೊಣೆ ಬರುವುದಿಲ್ಲ.

1955ರ ಬಾಂಡುಂಗ್ ಸಮ್ಮೇಳನದಲ್ಲಿ ಸೇರಿದ 29 ದೇಶಗಳ ಪೈಕಿ ಅಮೆರಿಕದ ಜೊತೆಗಿದ್ದ ಪಾಕಿಸ್ತಾನ, ಟರ್ಕಿ, ಫಿಲಿಪೀನ್ಸ್‌ಗಳೂ ಇದ್ದವು, ಕಮ್ಯುನಿಸ್ಟ್ ಚೀನಾವೂ ಇತ್ತು. ಅಲಿಪ್ತ ಚಳವಳಿ ರೂಪುಗೊಂಡದ್ದು 1961ರಲ್ಲಿ, ಯುರೋಪಿನದೇ ನಗರವಾದ ಬೆಲ್‌ಗ್ರೇಡ್‌ನಲ್ಲಿ.

ತಪ್ಪು ಕಲ್ಪನೆ 6: ಪಶ್ಚಿಮದಾಚೆಯ ಚಿಂತನೆ ಅಂದರೆ ಪಶ್ಚಿಮವನ್ನು ಬದಿಗೆ ಸರಿಸಿ ನಮ್ಮದೇ ಶ್ರೇಷ್ಠವೆಂದು ಸಾರುವುದು.

ಸತ್ಯ: ಚೀನಾದ ತತ್ವಜ್ಞಾನಿ ಝಾವೊ ತಿಂಗ್ಯಾಂಗ್ ಇಡೀ ಲೋಕ ಒಂದೇ ಕುಟುಂಬದಂತಿರುವ ‘ತಿಯಾನ್‌ಷಿಯಾ’ ಕಲ್ಪನೆಗೆ ಹೊಸ ಜೀವ ಕೊಟ್ಟರು. ಚೀನಾ ಹಿರಿಯಣ್ಣನಂತಿದ್ದ ಕಾಲದಲ್ಲಿ ಪೂರ್ವ ಏಷ್ಯಾ ಶಾಂತವಾಗಿತ್ತೆಂಬ ವಾದವೂ ಇದೆ. ಆದರೆ ಮಿಂಗ್ ಅರಸರ ಸೇನೆ 1407ರಲ್ಲಿ ವಿಯೆಟ್ನಾಂ ಆಕ್ರಮಿಸಿ ಎರಡು ದಶಕ ಆಳಿದ್ದೂ ಅದೇ ವ್ಯವಸ್ಥೆಯಲ್ಲಿ. ವೆಸ್ಟ್‌ಫಾಲಿಯಾದ ಕಥೆಗೆ ಹಾಕಿದ ಪ್ರಶ್ನೆಯನ್ನು ತಿಯಾನ್‌ಷಿಯಾಗೂ ಹಾಕಬೇಕು, ನಮ್ಮ ವಸುಧೈವ ಕುಟುಂಬಕ್ಕೂ ಹಾಕಬೇಕು. 2014ರಲ್ಲಿ ‘ಜಾಗತಿಕ ಅಂತಾರಾಷ್ಟ್ರೀಯ ಸಂಬಂಧಗಳು’ ಎಂಬ ಯೋಜನೆಯನ್ನು ಮುಂದಿಟ್ಟ, ಒಡಿಶಾ ಮೂಲದ ಅಮಿತಾವ್ ಆಚಾರ್ಯ ಕೂಡ ಇರುವ ಸಿದ್ಧಾಂತಗಳನ್ನು ಬಿಸಾಡಿ ಎನ್ನಲಿಲ್ಲ. ಅವುಗಳ ತಳಪಾಯವನ್ನು ಅಗಲ ಮಾಡಿ ಎಂದರು.

ಅಗಲ ಮಾಡಿದರೆ ಸಿಗುವುದೇನು? ದೇಶಗಳ ನಡೆಯನ್ನು ಬಲವೇ ನಿರ್ಧರಿಸುತ್ತದೆ ಎನ್ನುವ ವಾಸ್ತವವಾದದ ದಿಗ್ಗಜ ಕೆನೆತ್ ವಾಲ್ಟ್ಸ್ 1979ರಲ್ಲಿ, ಮಲೇಷ್ಯಾ, ಕೋಸ್ಟರಿಕಾದಂಥ ದೇಶಗಳ ಮೇಲೆ ಸಿದ್ಧಾಂತ ಕಟ್ಟುವುದು ನಗೆಪಾಟಲೆಂದು ಬರೆದಿದ್ದರು. ಅವರು ಆರಿಸಿದ ಆ ಎರಡು ಹೆಸರುಗಳನ್ನೇ ತೆಗೆದುಕೊಳ್ಳೋಣ. ಮಲೇಷ್ಯಾ ಮತ್ತು ಇಂಡೊನೇಷ್ಯಾ 1966ರವರೆಗೂ ಸಶಸ್ತ್ರ ಸಂಘರ್ಷದಲ್ಲಿದ್ದು, 1967ರಲ್ಲಿ ಇನ್ನು ಮೂರು ದೇಶಗಳೊಂದಿಗೆ ಆಸಿಯಾನ್ ಕಟ್ಟಿದವು; ಅಂದಿನಿಂದ ಅವೆರಡರ ನಡುವೆ ಯುದ್ಧವಾಗಿಲ್ಲ. ಕೋಸ್ಟರಿಕಾ 1948ರಲ್ಲಿ ತನ್ನ ಸೇನೆಯನ್ನೇ ವಿಸರ್ಜಿಸಿತು, ಇಂದಿಗೂ ಸ್ವತಂತ್ರವಾಗಿದೆ. ದೊಡ್ಡ ಶಕ್ತಿಗಳನ್ನಷ್ಟೇ ನೋಡಿ ಕಟ್ಟಿದ ಸಿದ್ಧಾಂತ ಮೊದಲು ಉತ್ತರಿಸಬೇಕಾದದ್ದು ಈ ಎರಡು ದೇಶಗಳಿಗೆ. ವಿಶ್ವಸಂಸ್ಥೆಯ 193 ಸದಸ್ಯ ದೇಶಗಳಲ್ಲಿ ಬಹುಪಾಲು ಮಹಾಶಕ್ತಿಗಳಲ್ಲದ ಇಂಥ ದೇಶಗಳೇ.