ಏಣಿ ಯಾವುದಕ್ಕೆ ಕಟ್ಟಿದ್ದು?

ದ್ರೌಪದಿಯ ಸ್ವಯಂವರದಲ್ಲಿ ಭೀಮನು ಮೀನಿನ ಯಾವ ಭಾಗಕ್ಕೆ ಬಾಣ ಬಿಟ್ಟನು?

‘ಕಣ್ಣಿಗೆ’ ಎಂದಿರಾ? ಬಾಣ ಬಿಟ್ಟವನು ಅರ್ಜುನ. ಯಕ್ಷಗಾನ ನೋಡುತ್ತ ಬೆಳೆದ ನಮ್ಮ ಕರಾವಳಿಯವರಿಗೆ ಅದು ತಿಳಿಯದ ಸಂಗತಿಯೇನಲ್ಲ. ಆದರೂ ತಪ್ಪುತ್ತೇವೆ. 1981ರಲ್ಲಿ ಎರಿಕ್‌ಸನ್ ಮತ್ತು ಮ್ಯಾಟ್ಸನ್ ಎಂಬ ಮನೋವಿಜ್ಞಾನಿಗಳು ಇಂಥದನ್ನೇ ಪರೀಕ್ಷಿಸಿದರು. ಮೋಸೆಸನು ನಾವೆಗೆ ಪ್ರತಿ ಪ್ರಾಣಿಯಲ್ಲಿ ಎಷ್ಟೆಷ್ಟು ಹತ್ತಿಸಿಕೊಂಡ ಎಂದು ಕೇಳಿದರೆ, ನಾವೆ ನೋಹನದೆಂದು ಬಲ್ಲವರಲ್ಲೂ ಬಹುಮಂದಿ ‘ಎರಡು’ ಎಂದರು. ಹೆಸರು ಆ ಕಥೆಗೆ ಹತ್ತಿರದ್ದಾಗಿದ್ದರೆ ಮನಸ್ಸು ಅದನ್ನು ತಡೆದು ನಿಲ್ಲಿಸುವುದಿಲ್ಲ. ಕೇಳಿದ ಅಂಶದತ್ತ ಓಡುತ್ತದೆ.

2007ರಲ್ಲಿ ಅಂತರಜಾಲಕ್ಕೆ ಬಂದ ‘ದಿ ಇಂಪಾಸಿಬಲ್ ಕ್ವಿಜ್’ ಎಂಬ ತಮಾಷೆಯ ಆಟ ನಿಂತಿದ್ದೂ ಈ ಓಟದ ಮೇಲೆಯೇ. ನೂರಹತ್ತು ಪ್ರಶ್ನೆ, ಮೂರು ಜೀವ. ನಡುನಡುವೆ ಸೆಕೆಂಡು ಎಣಿಸುವ ಬಾಂಬು ಬೇರೆ. ಅದರ ಬಹಳಷ್ಟು ನಗೆ ಇಂಗ್ಲಿಷ್ ಶ್ಲೇಷೆಯದು, ಕನ್ನಡಕ್ಕೆ ಇಳಿಯದು. ನಮಗೇನು ಬಡತನವೇ? ‘ನಾಲ್ಕು ಕಾಲು ಸೇರಿದರೆ ಎಷ್ಟು?’ ಎಂದರೆ ಒಬ್ಬ ದನವೆನ್ನುತ್ತಾನೆ, ಇನ್ನೊಬ್ಬ ಮೇಜು, ಲೆಕ್ಕದವ ಒಂದು.

ಬೇಡದ ಅಂಕಿಗಳನ್ನು ತುರುಕುವುದು ಮತ್ತೊಂದು ಉಪಾಯ. ಕಾರವಾರದಿಂದ ಒಂದು ಬಸ್ಸು ಒಂಬತ್ತಕ್ಕೆ ಗಂಟೆಗೆ ನಲವತ್ತು ಕಿ.ಮೀ. ವೇಗದಲ್ಲಿ ಹೊರಟಿತು, ಅಂಕೋಲೆಯಿಂದ ಇನ್ನೊಂದು ಒಂಬತ್ತೂಕಾಲಿಗೆ ಮೂವತ್ತರ ವೇಗದಲ್ಲಿ. ದಾರಿಯಲ್ಲಿ ಎದುರಾದಾಗ ಕಾರವಾರಕ್ಕೆ ಹತ್ತಿರ ಯಾವುದು? ಎದುರಾದ ಮೇಲೆ ಎರಡೂ ಒಂದೇ ಕಡೆ ಇವೆಯಲ್ಲ! ಇಂಥಲ್ಲಿ ಕೊನೆಯ ವಾಕ್ಯವನ್ನು ಮೊದಲು ಓದಿ, ಅದಕ್ಕೆ ಯಾವ ಅಂಕಿ ಬೇಕು ಎಂದು ನೋಡುವುದೇ ದಾರಿ.

ಆದರೆ ಪ್ರಶ್ನೆ ಕೇಳುವವನೂ ಎಡವುತ್ತಾನೆ. ಕಾರವಾರದಲ್ಲಿ ಶಾಲಾಮಕ್ಕಳ ರಸಪ್ರಶ್ನೆಯೊಂದನ್ನು ಚಿತ್ರೀಕರಿಸುವಾಗ ನಾನು ಹಳೆಯ ಒಂದನ್ನು ಸೇರಿಸಿದ್ದೆ: ‘ಬಂದರಿನಲ್ಲಿ ಹಡಗು ಇದೆ. ಹತ್ತಲು ಏಣಿ ಇದೆ. ಮೆಟ್ಟಿಲುಗಳ ನಡುವೆ ಒಂದಡಿ. ಭರತದ ನೀರು ಗಂಟೆಗೆ ಒಂದಡಿ ಏರಿದರೆ ಮೂರು ಗಂಟೆಯಲ್ಲಿ ಇನ್ನೆಷ್ಟು ಮೆಟ್ಟಿಲು ಮುಳುಗುತ್ತವೆ?’ ಉತ್ತರ ಸೊನ್ನೆ. ನೀರಿನೊಂದಿಗೆ ಹಡಗೂ ಏರುತ್ತದೆ.

ಬೈತಖೋಲದ ಮೀನುಗಾರರ ಮನೆಯ ಹುಡುಗಿಯೊಬ್ಬಳು ಕೇಳಿದಳು: “ಸರ್, ಏಣಿ ಹಡಗಿಗೆ ಕಟ್ಟಿದ್ದೋ, ಧಕ್ಕೆಗೋ?”

ಗಂಟೆ ಬಾರಿಸಿತು. ಉತ್ತರವಿಲ್ಲವೆಂದು ಅಂಕ ಕಳೆದೆವು. ಅವಳ ತಂಡ ಐದು ಅಂಕಗಳಿಂದ ಸೋತಿತು.

ರಾತ್ರಿ ಹಾಳೆ ತೆಗೆದು ನೋಡಿದೆ. ಏಣಿ ಎಲ್ಲಿ ಕಟ್ಟಿದೆಯೆಂದು ನಾನು ಬರೆದೇ ಇರಲಿಲ್ಲ. ಧಕ್ಕೆಯ ಗೋಡೆಗೆ ಬಿಗಿದ ಏಣಿಯಾದರೆ ಮೂರು ಮೆಟ್ಟಿಲು ಮುಳುಗುವುದೇ ಸರಿ. ಇನ್ನೊಂದು ತಪ್ಪು: ಭರತದ ನೀರು ಒಂದೇ ಸಮನೆ ಏರುವುದಿಲ್ಲ. ಇಳಿತದಿಂದ ಪೂರ್ಣ ಭರತಕ್ಕೆ ಹಿಡಿಯುವ ಸುಮಾರು ಆರು ಗಂಟೆಗಳಲ್ಲಿ ಮೊದಲು ನಿಧಾನ, ನಡುವಿನ ಎರಡು ಗಂಟೆ ಜೋರು, ಕೊನೆಗೆ ಮತ್ತೆ ನಿಧಾನ. ದೋಣಿಗೆ ಹಗ್ಗ ಎಷ್ಟು ಸಡಿಲ ಬಿಡಬೇಕೆಂದು ಬಲ್ಲ ಮನೆಯ ಮಗು ಸರಿಯಾದ ಪ್ರಶ್ನೆಯನ್ನೇ ಕೇಳಿತ್ತು. ವಿಜ್ಞಾನ ಪದವೀಧರನಾದ ನಾನು ಗಡಿಯಾರ ನೋಡುತ್ತಿದ್ದೆ.

ನಮ್ಮ ಪಟ್ಟಿಯಲ್ಲಿ ಆ ಪ್ರಶ್ನೆ ಈಗ ‘ತೇಲುತ್ತಿರುವ ಹಡಗಿನ ಬದಿಗೆ ತೂಗುಬಿಟ್ಟ ಏಣಿ’ ಎಂದು ಆರಂಭವಾಗುತ್ತದೆ. ಆ ತಂಡದ ಹತ್ತು ಅಂಕ ಮಾತ್ರ ಇನ್ನೂ ನನ್ನ ಸಾಲದಲ್ಲಿದೆ.