ತಿಮ್ಮ ಅಂದ್ರೆ ಯಾರು? ಬೆಟ್ಟದಿಂದ ಇಳಿದು ಬಂದ ಒಂದು ಹೆಸರಿನ ಕತೆ

(ಈ ವಾರದ ಸಂಚಿಕೆಯ ಬರಹರೂಪ. ಮಾತಿನ ಧಾಟಿಯನ್ನು ಆದಷ್ಟು ಹಾಗೇ ಉಳಿಸಿಕೊಂಡಿದ್ದೇವೆ.)

ಬಸ್ಸಲ್ಲಿ ಕಂಬಿ ಹಿಡ್ಕೊಂಡು ನಿಂತು ಕೇಳ್ತಿರೋರಿಗೂ, ಊಟ ಆದ್ಮೇಲೆ ಟೆರೇಸ್ ಮೇಲೆ ಓಡಾಡ್ತಾ ಕೇಳ್ತಿರೋರಿಗೂ ಸ್ವಾಗತ. ಇವತ್ತು ಒಂದು ಹೆಸರಿನ ಬಗ್ಗೆ ಮಾತಾಡೋಣ. ಮೊದಲೇ ಹೇಳಿಬಿಡ್ತೀನಿ, ಇದು ನನ್ನ ಸ್ವಂತ ವಿಷಯವೂ ಹೌದು.

ನನ್ನ ಹೆಸರಿನ ಮುಂದೆ ಒಂದು 'ಟಿ' ಇದೆ. ಟಿ ಅಂದ್ರೆ ತಿಮ್ಮಪ್ಪ. ನಮ್ಮಪ್ಪನ ಹೆಸರು. ಎಂಟನೇ ಕ್ಲಾಸಲ್ಲಿ ಹೊಸ ಮೇಷ್ಟ್ರೊಬ್ಬರು ಹಾಜರಿ ಪುಸ್ತಕದಲ್ಲಿದ್ದ ಪೂರ್ತಿ ಹೆಸರು ಗಟ್ಟಿಯಾಗಿ ಓದಿದರು. ಇಡೀ ಕ್ಲಾಸು ನಕ್ಕಿತು. ಅವತ್ತಿಂದ ಎಸ್ಎಸ್ಎಲ್‌ಸಿ ಮುಗಿಯೋವರೆಗೂ ನಾನು 'ತಿಮ್ಮ'. ಕಾಲೇಜಿಗೆ ಬಂದ ಮೇಲೆ ಯಾರಾದ್ರೂ ಟಿ ಅಂದ್ರೇನು ಅಂತ ಕೇಳಿದ್ರೆ 'ತ್ರಿವಿಕ್ರಮ' ಅಂತಿದ್ದೆ. ಒಂದು ಸಲ ಅಪ್ಪ ಹಾಸ್ಟೆಲಿಗೆ ಬಂದಾಗ ಸ್ನೇಹಿತನೊಬ್ಬ 'ತ್ರಿವಿಕ್ರಮ್ ಅಂಕಲ್, ಟೀ ಕುಡೀತೀರಾ?' ಅಂದ. ಅಪ್ಪ ನನ್ನ ಮುಖ ನೋಡಿದರು. ಆಮೇಲೆ 'ಕುಡೀತೀನಪ್ಪ' ಅಂದರು. ಅಷ್ಟೇ. ಆ ವಿಷಯ ಇವತ್ತಿನವರೆಗೂ ನಮ್ಮಿಬ್ಬರ ನಡುವೆ ಬಂದಿಲ್ಲ.

ಹೋದ ತಿಂಗಳು ನನ್ನ ತಂಗಿಗೆ ಗಂಡು ಮಗು ಆಯ್ತು. ಮನೇಲಿ ಹೆಸರಿನ ಮಾತು ಬಂತು. ಅವಳೇ, 'ಅಪ್ಪನ ಹೆಸರೂ ಸೇರಿಸೋಣ' ಅಂದಳು. ಅಪ್ಪ ಪೇಪರಿಂದ ತಲೆ ಎತ್ತದೇ ಹೇಳಿದರು: 'ಬೇಡಮ್ಮ. ಮಗು ಸ್ಕೂಲಿಗೆ ಹೋಗಬೇಕು.'

ಅವತ್ತು ರಾತ್ರಿ ನಂಗೆ ನಿದ್ದೆ ಬರಲಿಲ್ಲ. ನಮ್ಮಪ್ಪನ ಹೆಸರಿನ ಅರ್ಥವೇ ನಂಗೆ ಗೊತ್ತಿಲ್ಲವಲ್ಲ ಅಂತ ಹುಡುಕೋಕೆ ಕೂತೆ. ಸಿಕ್ಕಿದ್ದನ್ನ ನಿಮಗೂ ಹೇಳ್ತೀನಿ.

ಮೊದಲು ಒಂದು ಸಣ್ಣ ಪ್ರಯೋಗ. 'ತಿರುಮಲ' ಅಂತ ಬೇಗ ಬೇಗ ಹತ್ತು ಸಲ ಹೇಳಿ. ಬಸ್ಸಲ್ಲಿದ್ದರೆ ಮನಸ್ಸಲ್ಲೇ ಹೇಳ್ಕೊಳ್ಳಿ. ಮೂರ್ನಾಲ್ಕು ಸಲಕ್ಕೇ 'ರು'ವಿನ ಉಕಾರ ಬಿದ್ದು 'ತಿರ್ಮಲ' ಆಗುತ್ತೆ. ಇನ್ನೂ ಸ್ವಲ್ಪ ಸಡಿಲ ಬಿಟ್ಟರೆ ರಕಾರ ಪಕ್ಕದ ಮಕಾರದಲ್ಲಿ ಕರಗಿ 'ತಿಮ್ಮಲ'. ಕೊನೆಯ ಲಕಾರವೂ ಹೋದರೆ? ತಿಮ್ಮ. ಅಷ್ಟೇ ಗುಟ್ಟು. ಹಳಗನ್ನಡದ 'ಇರ್ದ' ಇವತ್ತು ನಮ್ಮ ಬಾಯಲ್ಲಿ 'ಇದ್ದ' ಆಗಿರೋದು ಇದೇ ದಾರಿಯಲ್ಲಿ. ಸಂಸ್ಕೃತದ 'ಧರ್ಮ' ಪಾಲಿ ಭಾಷೆಯಲ್ಲಿ 'ಧಮ್ಮ' ಆಗಿದ್ದೂ ಹೀಗೇ. ತಿಮ್ಮಲಾಪುರ ಅನ್ನೋ ಊರಿನ ಹೆಸರು ಕೇಳಿರ್ತೀರಿ. ಅದರಲ್ಲಿ ಆ ನಡುವಿನ 'ಲ' ಇನ್ನೂ ಉಳ್ಕೊಂಡಿದೆ ನೋಡಿ.

ತಿರುಮಲ ಅನ್ನೋದು ಎರಡು ಪದ. 'ತಿರು' ಅಂದ್ರೆ ತಮಿಳಲ್ಲಿ ಶ್ರೀ, ಪವಿತ್ರ. 'ಮಲೈ' ಅಂದ್ರೆ ಬೆಟ್ಟ. ನಮ್ಮ ಮಲೆನಾಡಿನ 'ಮಲೆ', ಮಲೆ ಮಹದೇಶ್ವರನ 'ಮಲೆ' ಅದೇ ಪದ. ಅಂದ್ರೆ ತಿಮ್ಮ ಅನ್ನೋದು ಮೂಲದಲ್ಲಿ ದೇವರ ಹೆಸರೂ ಅಲ್ಲ, ಮನುಷ್ಯನ ಹೆಸರೂ ಅಲ್ಲ. ಒಂದು ಬೆಟ್ಟದ ಹೆಸರು. ಬೆಟ್ಟದ ಮೇಲಿರೋ ವೆಂಕಟೇಶ್ವರನನ್ನ ಕನ್ನಡಿಗರು ಪ್ರೀತಿಯಿಂದ ತಿಮ್ಮಪ್ಪ ಅಂದರು. ತಿರುಪತಿ ತಿಮ್ಮಪ್ಪ. ನಮ್ಮಲ್ಲಿ ಜಾಗದ ಹೆಸರು ಮನುಷ್ಯರ ಹೆಸರಾಗೋದು ಹೊಸದೇನಲ್ಲ. ಹಂಪಿಯಿಂದ ಹಂಪಣ್ಣ, ಹಂಪಮ್ಮ. ಶ್ರೀಶೈಲ ಪರ್ವತದಿಂದ ಪರ್ವತಯ್ಯ. ಹಾಗೇ ಇದೂ.

ಮಕ್ಕಳಾಗಲಿ ಅಂತ ತಿರುಪತಿಗೆ ಹರಕೆ ಹೊರೋದು, ಅರಿಶಿನದ ಬಟ್ಟೆಯಲ್ಲಿ ಕಾಸು ಕಟ್ಟಿ ಮುಡಿಪು ಇಡೋದು, ಹುಟ್ಟಿದ ಮಗುವಿಗೆ ಆ ದೇವರ ಹೆಸರನ್ನೇ ಇಟ್ಟು ಮೊದಲ ಮುಡಿ ಅಲ್ಲೇ ಕೊಡೋದು. ಎಷ್ಟೋ ಮನೆಗಳಿಗೆ ಈ ಹೆಸರು ಬಂದಿದ್ದು ಈ ದಾರಿಯಲ್ಲಿ. ಇದಕ್ಕೆ ದೊಡ್ಡ ಉದಾಹರಣೆ ಯಾರು ಗೊತ್ತಾ? ಕನಕದಾಸರು. ಈಗಿನ ಹಾವೇರಿ ಜಿಲ್ಲೆಯ ಬಾಡದಲ್ಲಿ ಬೀರಪ್ಪ–ಬಚ್ಚಮ್ಮ ದಂಪತಿಗೆ ತಿರುಪತಿಯ ಹರಕೆಯಿಂದ ಹುಟ್ಟಿದ ಮಗ, ಅದಕ್ಕೇ ತಿಮ್ಮಪ್ಪ ಅಂತ ಹೆಸರಿಟ್ಟರು ಅನ್ನೋದು ತಲೆಮಾರುಗಳಿಂದ ಬಂದಿರೋ ಮಾತು. ಕನಕ ಅನ್ನೋದು ಆಮೇಲೆ ಬಂದ ಹೆಸರು.

ಈಗ ನಂಗೆ ತುಂಬಾ ಖುಷಿ ಕೊಟ್ಟ ಭಾಗಕ್ಕೆ ಬರ್ತೀನಿ. ಕನಕದಾಸರ ಕಾಲದಲ್ಲೇ ವಿಜಯನಗರದಲ್ಲಿ ಕೃಷ್ಣದೇವರಾಯ ಆಳ್ತಿದ್ದ, 1509ರಿಂದ 1529ರವರೆಗೆ. ಅವನ ಅರಮನೆಗೆ ಹೋಗಿ 'ತಿಮ್ಮ' ಅಂತ ಕೂಗಿದ್ರೆ ಎಷ್ಟು ಜನ ತಿರುಗಿ ನೋಡ್ತಿದ್ರು ಅಂತ ಲೆಕ್ಕ ಹಾಕೋಣ.

ಮಹಾಮಂತ್ರಿ ಸಾಳುವ ತಿಮ್ಮರಸು. ರಾಯ ಅವರನ್ನ ಅಪ್ಪಾಜಿ ಅಂತಿದ್ದ. ರಾಣಿ ತಿರುಮಲದೇವಿ. ಮಗ ತಿರುಮಲ. ಕುಮಾರವ್ಯಾಸ ಹತ್ತು ಪರ್ವಕ್ಕೆ ನಿಲ್ಲಿಸಿದ್ದ ಕನ್ನಡ ಭಾರತವನ್ನ ಮುಂದುವರಿಸಿ ಮುಗಿಸಿದ ಕವಿ ತಿಮ್ಮಣ್ಣ. ತೆಲುಗಿನಲ್ಲಿ 'ಪಾರಿಜಾತಾಪಹರಣಮು' ಬರೆದ ಆಸ್ಥಾನಕವಿ ನಂದಿ ತಿಮ್ಮನ. ಈತನನ್ನ 'ಮುಕ್ಕು ತಿಮ್ಮನ' ಅಂತಲೂ ಕರೀತಾರೆ, ಮುಕ್ಕು ಅಂದ್ರೆ ತೆಲುಗಲ್ಲಿ ಮೂಗು. ಇನ್ನು ರಾಯನ ಮುತ್ತಾತ, ಶಾಸನಗಳಲ್ಲಿ ತುಳುವ ವಂಶಾವಳಿ ಶುರುವಾಗೋ ಕಡೆ ಬರುವ ದೊರೆ, ಅವನ ಹೆಸರೂ ತಿಮ್ಮ! ಸ್ವತಃ ಕೃಷ್ಣದೇವರಾಯ 1513ರಿಂದ 1521ರ ನಡುವೆ ಏಳು ಸಲ ಬೆಟ್ಟ ಹತ್ತಿದವನು. ಇವತ್ತೂ ತಿರುಮಲ ದೇವಸ್ಥಾನದಲ್ಲಿ ಇಬ್ಬರು ರಾಣಿಯರ ಜೊತೆ ಕೈಮುಗಿದು ನಿಂತಿರೋ ಅವನ ಲೋಹದ ಮೂರ್ತಿ ಇದೆ.

1520ರ ಸುಮಾರಿಗೆ ಹಂಪಿ ನೋಡೋಕೆ ಬಂದ ಪೋರ್ಚುಗೀಸ್ ಪ್ರವಾಸಿ ಡೊಮಿಂಗೊ ಪಾಯಿಸ್ ತಿಮ್ಮರಸುವಿನ ಬಗ್ಗೆ ಬರೆದಿದ್ದಾನೆ. ಪಾಪ, ಅವನ ಕಿವಿಗೆ ಆ ಹೆಸರು 'ತೆಮೆರ್ಸಿಯ' ಅಂತ ಕೇಳಿಸಿದೆ. ಅರಮನೆಯಲ್ಲಿ ಅವರ ಮಾತೇ ನಡೀತಿತ್ತು ಅಂತಾನೆ.

ಆದರೆ ಕೊನೆ ಚೆನ್ನಾಗಿಲ್ಲ. ಇನ್ನೊಬ್ಬ ಪೋರ್ಚುಗೀಸ ನೂನಿಜ್ ಬರೆದ ಪ್ರಕಾರ, ರಾಯ ಆರು ವರ್ಷದ ಮಗನಿಗೆ ಪಟ್ಟ ಕಟ್ಟಿದ. ಸ್ವಲ್ಪ ಕಾಲದಲ್ಲೇ ಮಗು ತೀರಿಕೊಂಡಿತು. ವಿಷ ಹಾಕಿದ್ದು ತಿಮ್ಮರಸುವಿನ ಕಡೆಯವರೇ ಅನ್ನೋ ಅನುಮಾನ ರಾಯನ ತಲೆಗೆ ಬಂತು. ಮುದಿ ಮಂತ್ರಿಯನ್ನ ಸೆರೆಗೆ ಹಾಕಿ, ಕೊನೆಗೆ ಕಣ್ಣು ಕೀಳಿಸಿದ. ಸತ್ತ ಮಗು ತಿರುಮಲ, ಕಣ್ಣು ಕಳಕೊಂಡವನು ತಿಮ್ಮ. ಇಬ್ಬರ ಹೆಸರೂ ಒಂದೇ ಬೆಟ್ಟದ್ದು.

ಸರಿ. ದೊರೆ, ಮಂತ್ರಿ, ಕವಿ, ದಾಸ, ಇಷ್ಟೆಲ್ಲ ಆಗಿದ್ದ ಹೆಸರು ಎಂಟನೇ ಕ್ಲಾಸಿನ ನಗುವಾಗಿದ್ದು ಹೇಗೆ?

ಒಂದು ಕಾರಣ, ಅದು ತುಂಬಾ ಸಾಮಾನ್ಯ ಆಯ್ತು. ಹಳೇ ಮೈಸೂರು ಕಡೆ ಊರಿಗೆ ನಾಲ್ಕಾರು ತಿಮ್ಮಯ್ಯ, ತಿಮ್ಮೇಗೌಡ, ತಿಮ್ಮರಾಯಪ್ಪ ಇದ್ದೇ ಇರ್ತಿದ್ರು. ಎಲ್ಲರಿಗೂ ಇರೋ ಹೆಸರು ಕ್ರಮೇಣ ಯಾರಿಗೂ ಸೇರದ ಹೆಸರಾಗುತ್ತೆ, ಜೋಕಿಗೆ ಸುಲಭವಾಗಿ ಸಿಗುತ್ತೆ. ಗುಂಡನಿಗೆ ಆಗಿದ್ದೂ ಅದೇ. ಕೋತಿಗೂ ತಿಮ್ಮ ಅಂದುಬಿಟ್ಟರು.

ಆದರೆ ನನ್ನ ಪ್ರಕಾರ ದೊಡ್ಡ ಕಾರಣ ಬೇರೆ. ಬಾಲ. ಅಂದ್ರೆ ಹೆಸರಿನ ಕೊನೆಗೆ ಬರೋ ಅಪ್ಪ, ಅಯ್ಯ, ಅಣ್ಣ, ಅರಸು, ಗೌಡ. ಈ ಬಾಲ ಇದ್ದರೆ ಯಜಮಾನ, ಕಿತ್ತರೆ ಆಳು. ಕುವೆಂಪು ಅವರ 'ಮಲೆಗಳಲ್ಲಿ ಮದುಮಗಳು' 1967ರಲ್ಲಿ ಬಂತು. ಅದರಲ್ಲಿ ಹಳೆಮನೆಯ ತಿಮ್ಮಪ್ಪ ಹೆಗ್ಗಡೆ ಇದ್ದಾನೆ. ಅದೇ ಕಾದಂಬರಿಯಲ್ಲಿ ಹೊಲೆಗೇರಿಯ ಹುಡುಗಿ, ಗುತ್ತಿ ಕರಕೊಂಡು ಓಡಿಹೋಗೋ ತಿಮ್ಮಿ ಇದ್ದಾಳೆ. ಬೆಟ್ಟ ಒಂದೇ, ಹೆಸರೂ ಒಂದೇ. ಒಬ್ಬನಿಗೆ ಎರಡೆರಡು ಬಾಲ, ಇನ್ನೊಬ್ಬಳಿಗೆ ಒಂದೂ ಇಲ್ಲ. ಕೂಲಿಯವನ ಮನೆಯಲ್ಲಿ ತಿಮ್ಮಯ್ಯ ಅಂತ ಹೆಸರಿಟ್ಟಿದ್ದರೂ ಜಮೀನ್ದಾರನ ಅಂಗಳದಲ್ಲಿ ಅವನು 'ಲೇ ತಿಮ್ಮ' ಆಗ್ತಿದ್ದ. ನಾವು ಕ್ಲಾಸಲ್ಲಿ ನಕ್ಕಿದ್ದು ಬೆಟ್ಟದ ಹೆಸರಿಗಲ್ಲ, ಆ ಅಂಗಳದ ಕೂಗಿಗೆ. ನಮಗದು ಗೊತ್ತಿರಲಿಲ್ಲ ಅಷ್ಟೇ.

ಸಾಹಿತ್ಯವೂ ಇದರಲ್ಲಿ ಪಾತ್ರ ವಹಿಸಿದೆ. 1943ರಲ್ಲಿ ಡಿವಿಜಿ 'ಮಂಕುತಿಮ್ಮನ ಕಗ್ಗ' ತಂದರು. ಬದುಕಿನ ಅಷ್ಟೂ ದೊಡ್ಡ ಪ್ರಶ್ನೆಗಳನ್ನ ಪಂಡಿತನ ಬಾಯಲ್ಲಿ ಹೇಳಿಸಲಿಲ್ಲ, 'ಮಂಕು' ಅಂತ ತನ್ನನ್ನೇ ಕರ್ಕೊಳ್ಳೋ ಒಬ್ಬ ತಿಮ್ಮನ ಬಾಯಲ್ಲಿ ಹೇಳಿಸಿದರು. ಆಮೇಲೆ ಬೀಚಿ ಬಂದರು. ಅವರು ಬರೀತಿದ್ದದ್ದೇ 'ತಿಂಮ' ಅಂತ, ಸೊನ್ನೆ ಹಾಕಿ. ಅವರ ತಿಂಮ ದಡ್ಡನ ಹಾಗೆ ಪ್ರಶ್ನೆ ಕೇಳ್ತಾನೆ, ಉತ್ತರ ಕೊಡೋಕೆ ಹೋದವನು ಪೆಚ್ಚಾಗ್ತಾನೆ. ಇಬ್ಬರೂ ಈ ಹೆಸರಿಗೆ ದೊಡ್ಡ ಮರ್ಯಾದೆ ಕೊಟ್ಟರು, ನಿಜ. ಆದರೆ ತಮಾಷೆ ನೋಡಿ, ಕಗ್ಗ ಓದದವರ ಕೈಗೆ ಸಿಕ್ಕಿದ್ದು 'ಮಂಕುತಿಮ್ಮ' ಅನ್ನೋ ಒಂದು ರೆಡಿಮೇಡ್ ಬೈಗುಳ ಮಾತ್ರ.

ಕೊಡಗಿಗೆ ಹೋದರೆ ಕತೆ ಬೇರೆ. ಅಲ್ಲಿ ತಿಮ್ಮಯ್ಯ ಅಂದ್ರೆ ಯಾರೂ ನಗಲ್ಲ, ಎದ್ದು ನಿಲ್ತಾರೆ. ಜನರಲ್ ಕೆ.ಎಸ್. ತಿಮ್ಮಯ್ಯ, 1906ರಲ್ಲಿ ಮಡಿಕೇರಿಯಲ್ಲಿ ಹುಟ್ಟಿದವರು, 1957ರಿಂದ 1961ರವರೆಗೆ ಭಾರತದ ಸೇನಾ ಮುಖ್ಯಸ್ಥರು. ಸೈನ್ಯದಲ್ಲಿ ಅವರನ್ನ 'ಟಿಮ್ಮಿ' ಅಂತಿದ್ರು. ಸೈಪ್ರಸ್‌ನಲ್ಲಿ ವಿಶ್ವಸಂಸ್ಥೆಯ ಶಾಂತಿಪಡೆಯ ದಂಡನಾಯಕರಾಗಿದ್ದಾಗ 1965ರಲ್ಲಿ ತೀರಿಕೊಂಡರು. ಮರುವರ್ಷ ಆ ದೇಶ ಅವರ ನೆನಪಿಗೆ ಅಂಚೆಚೀಟಿ ತಂದಿತು. ಮಡಿಕೇರಿಯಲ್ಲಿ ಅವರ ಮನೆ 'ಸನ್ನಿ ಸೈಡ್' ಈಗ ಮ್ಯೂಸಿಯಂ. ಆ ಕಡೆ ಟ್ರಿಪ್ ಹೋದ್ರೆ ಬರೀ ಅಬ್ಬಿ ಫಾಲ್ಸ್ ನೋಡ್ಕೊಂಡು ಬರಬೇಡಿ, ಅಲ್ಲೂ ಒಂದು ಗಂಟೆ ಇಡಿ.

ಹೆಣ್ಣುಮಕ್ಕಳ ವಿಷಯ ಇವತ್ತಿನದಲ್ಲ, ಆದ್ರೂ ಒಂದು ಮಾತು ಬಿಡೋಕಾಗಲ್ಲ. ಹುಲಿಕಲ್–ಕುದೂರು ರಸ್ತೆಯ ಉದ್ದಕ್ಕೂ ಆಲದ ಗಿಡ ನೆಟ್ಟು, ನೀರು ಹೊತ್ತು ಬೆಳೆಸಿದ್ದು ಸಾಲುಮರದ ತಿಮ್ಮಕ್ಕ. ಗಡಿಯಾಚೆ ಆಂಧ್ರದ ಕದಿರಿ ಹತ್ತಿರ ಎಕರೆಗಟ್ಟಲೆ ಹರಡಿರೋ ಒಂದು ಆಲದ ಮರ ಇದೆ. ಅದರ ಹೆಸರು ತಿಮ್ಮಮ್ಮ ಮರ್ರಿಮಾನು. ಈ ಹೆಸರಿಗೂ ಆಲದ ಮರಕ್ಕೂ ಏನು ನಂಟೋ.

ಇಷ್ಟೆಲ್ಲ ಓದಿದ ಮೇಲೆ ಹೋದ ಭಾನುವಾರ ಅಪ್ಪನ ಪಕ್ಕ ಕೂತು ಹೇಳೋಕೆ ಶುರು ಮಾಡಿದೆ. ತಿರುಮಲದಿಂದ ತಿಮ್ಮ ಆಗಿದ್ದು, ಕನಕದಾಸರದ್ದು, ರಾಯನ ಅರಮನೆದು. ಅಪ್ಪ ಎಲ್ಲ ಕೇಳಿಸಿಕೊಂಡರು. ಆಮೇಲೆ, 'ಇದೆಲ್ಲ ನಂಗೊತ್ತಿರಲಿಲ್ಲಪ್ಪ. ನಮ್ಮವ್ವಂಗೆ ನನಗಿಂತ ಮುಂಚೆ ಎರಡು ಮಕ್ಕಳು ಉಳಿದಿರಲಿಲ್ಲ. ನಾನು ಹುಟ್ಟಿದ ಮೇಲೆ ನಡ್ಕೊಂಡೇ ಬೆಟ್ಟ ಹತ್ತಿದ್ಳಂತೆ, ನನ್ನ ಸೊಂಟಕ್ಕೆ ಕಟ್ಕೊಂಡು' ಅಂದರು.

ನಂಗೆ ಇದು ಗೊತ್ತೇ ಇರಲಿಲ್ಲ. ಇಷ್ಟು ವರ್ಷ ಒಂದೇ ಮನೇಲಿದ್ದು! ಹಾಸ್ಟೆಲಿನ ಆ ಟೀ ವಿಷಯ ಎತ್ತೋಣ ಅಂತ ಬಾಯಿ ತೆರೆದೆ, ಆಗಲಿಲ್ಲ. ಅಪ್ಪ ಈ ಸಂಚಿಕೆ ಕೇಳ್ತಾರೆ, ನಂಗೊತ್ತು. ತಂಗಿನೇ ಅವರ ಫೋನಲ್ಲಿ ಹಾಕಿ ಕೊಡ್ತಾಳೆ. ಅಪ್ಪ, ಅವತ್ತಿಂದಕ್ಕೆ ಸಾರಿ.

ಮಗುವಿನ ಹೆಸರು ಇನ್ನೂ ಆಗಿಲ್ಲ. ಜನನ ಪ್ರಮಾಣಪತ್ರದಲ್ಲಿ ಹೆಸರಿನ ಜಾಗ ಖಾಲಿ ಇದೆ. ನಿಮ್ಮಲ್ಲೂ ಯಾರಿಗಾದ್ರೂ ಈ ಗಡಿಬಿಡಿ ಇದ್ರೆ ಗೊತ್ತಿರಲಿ, ನೋಂದಣಿ ಆದ ಮೇಲೆ 12 ತಿಂಗಳವರೆಗೆ ಶುಲ್ಕ ಇಲ್ಲದೇ ಹೆಸರು ಸೇರಿಸಬಹುದು, ಆಮೇಲೆ ತಡವಾದ ಶುಲ್ಕ ಕಟ್ಟಿ 15 ವರ್ಷದವರೆಗೂ ಅವಕಾಶ ಇದೆ. ತಂಗಿ ಈಗ ಕರೆಯೋಕೆ 'ತಿರುಮಲ್' ಅಂತ ಇಡೋಣ ಅಂತಿದ್ದಾಳೆ. ಭಾವ ಯೋಚನೆ ಮಾಡ್ತಿದ್ದಾರೆ. ಅಪ್ಪ ಏನೂ ಹೇಳ್ತಿಲ್ಲ, ಆದ್ರೆ ಮೊನ್ನೆ ತೊಟ್ಟಿಲ ಹತ್ತಿರ ಬಗ್ಗಿ ಮೆಲ್ಲಗೆ 'ಏನಪ್ಪಾ ತಿಮ್ಮರಸು' ಅಂದಿದ್ದು ನಂಗೆ ಕೇಳಿಸ್ತು.

ನಿಮ್ಮ ಇನಿಶಿಯಲ್ ಹಿಂದೆ ಯಾವ ಹೆಸರಿದೆ? ಮನೇಲಿ ಕೇಳಿ, ವಾಯ್ಸ್ ಮೆಸೇಜ್ ಕಳಿಸಿ. ಮುಂದಿನ ವಾರ ಸಿಗೋಣ.